ಆರ್ಗನ್ನಿನ ಎಣ್ಣೆ

ನನ್ನ ಕೆಲಸ ಏನೆಂದು ಯಾರಾದರೂ ಕೇಳಿದರೆ ಸಂಗೀತ ಎನ್ನುತ್ತೇನೆ. ಊರಿನವರು ಅದನ್ನು ಕಂಪ್ಯೂಟರ್ ಕೆಲಸ ಎನ್ನುತ್ತಾರೆ. ಎರಡೂ ಸರಿಯೇ. ನಮ್ಮೂರು ಬಿಟ್ಟಂಗಾಲದಲ್ಲಿ, ಹಿಂದೆ ಕಾಳುಮೆಣಸಿನ ಮೂಟೆ ಇಡುತ್ತಿದ್ದ ಒಂದು ಕೋಣೆಯ ಗೋಡೆಗೆ ಹಳೆಯ ಕಂಬಳಿ ಹೊಡೆದು ಸ್ಟುಡಿಯೋ ಮಾಡಿಕೊಂಡಿದ್ದೇನೆ. ಮದುವೆಯ ವಿಡಿಯೋಗೆ ಹಿನ್ನೆಲೆ, ಹೋಂಸ್ಟೇಯವರ ಜಾಹೀರಾತಿಗೆ ಅರ್ಧ ನಿಮಿಷದ ರಾಗ, ಒಂದಿಷ್ಟು ಭಕ್ತಿಗೀತೆ. ಬಂದದ್ದನ್ನು ಬಿಡುವುದಿಲ್ಲ. ಹತ್ತು ಜನ ವಾದ್ಯಗಾರರ ಕೆಲಸವನ್ನು ಒಂದು ಲ್ಯಾಪ್‌ಟಾಪ್ ಮಾಡುತ್ತದೆ ಎಂದು ನನಗೆ ಜಂಬ ಇತ್ತು. ಈಗ ಅಷ್ಟಿಲ್ಲ.

ಆ ಲ್ಯಾಪ್‌ಟಾಪಿನಲ್ಲಿ ಒಂದು ಸಾಫ್ಟ್‌ವೇರ್ ಇದೆ. ಹಳೆಯ ಕಾಲದ ಚಕ್ರದ ಆರ್ಗನ್ನಿನ ಪಡಿಯಚ್ಚು ಅದು. ನಿಜವಾದ ಆರ್ಗನ್ನಿನ ಹೊಟ್ಟೆಯಲ್ಲಿ ತೊಂಬತ್ತೊಂದು ಹಲ್ಲಿನ ಚಕ್ರಗಳಿರುತ್ತವೆ. ಒಂದೊಂದು ಚಕ್ರದ ಎದುರು ಒಂದೊಂದು ಅಯಸ್ಕಾಂತ. ಮೋಟಾರು ತಿರುಗಿದರೆ ಎಲ್ಲ ಚಕ್ರಗಳೂ ತಿರುಗುತ್ತವೆ, ಒಂದೊಂದೂ ಒಂದು ಸ್ವರ ಹೊರಡಿಸುತ್ತದೆ. ಹಾರ್ಮೋನಿಯಮ್ಮಿನಂತೆ ಸಾಲಾಗಿರುವ ಮನೆಗಳಲ್ಲಿ ಯಾವುದನ್ನು ಒತ್ತುತ್ತೀರೋ ಆ ಸ್ವರ ಸ್ಪೀಕರಿಗೆ ಹೋಗುತ್ತದೆ. ಆದರೆ ಹಳೆಯ ಯಂತ್ರ ನೋಡಿ, ಒತ್ತದ ಸ್ವರವೂ ಪಕ್ಕದ ತಂತಿಯಿಂದ ಸ್ವಲ್ಪ ಸ್ವಲ್ಪ ಸೋರುತ್ತದೆ. ಮನೆ ಒತ್ತಿದಾಗ ‘ಟಿಕ್’ ಎಂದು ಸದ್ದಾಗುತ್ತದೆ. ಮಾಡಿದವರು ಇವೆಲ್ಲ ದೋಷ ಎಂದು ತಲೆ ಚಚ್ಚಿಕೊಂಡರಂತೆ. ಈಗಿನವರಿಗೆ ಆ ದೋಷಗಳೇ ಬೇಕು. ಹಾಗಾಗಿ ಸಾಫ್ಟ್‌ವೇರಿನಲ್ಲಿ ಸೋರುವುದಕ್ಕೆ ಒಂದು ಗುಂಡಿ, ಟಿಕ್ ಎನ್ನುವುದಕ್ಕೆ ಒಂದು ಗುಂಡಿ, ಒಟ್ಟು ಯಂತ್ರಕ್ಕೆ ಎಷ್ಟು ವಯಸ್ಸಾಗಿದೆ ಎನ್ನುವುದಕ್ಕೂ ಒಂದು ಗುಂಡಿ. ಹೊಸತಾಗಿ ಮಾಡಿ, ದುಡ್ಡು ಕೊಟ್ಟು ಹಳತು ಮಾಡಿಕೊಳ್ಳುವ ಹುಚ್ಚು ಮನುಷ್ಯನಿಗೆ ಮಾತ್ರ ಇರುವುದು.

ಅಂಥ ಒಂದು ನಿಜವಾದ ಆರ್ಗನ್ನು ನಾನು ನುಡಿಸಿದ್ದೇನೆ. ಅದನ್ನು ಕೊಂದವನೂ ನಾನೇ.

ಅದು ನಮ್ಮ ಕಡೆಯ ಒಂದು ಪ್ಲಾಂಟರ್ಸ್ ಕ್ಲಬ್ಬಿನ ಹಾಲ್‌ನಲ್ಲಿತ್ತು. ಯಾವುದೋ ಎಸ್ಟೇಟಿನ ಬಿಳಿಯ ಮ್ಯಾನೇಜರ್ ತರಿಸಿದ್ದನಂತೆ, ಊರಿಗೆ ಹೋಗುವಾಗ ಹೊರಲಾರದೆ ಬಿಟ್ಟು ಹೋದನಂತೆ. ನನ್ನ ದೊಡ್ಡಪ್ಪ ಆ ಕ್ಲಬ್ಬಿನ ಮಾರ್ಕರ್. ಮಾರ್ಕರ್ ಅಂದರೆ ಬಿಲಿಯರ್ಡ್ಸ್ ಮೇಜಿನ ಪಕ್ಕ ನಿಂತು ಪಾಯಿಂಟ್ ಹೇಳುವವನು, ಕೋಲಿನ ತುದಿಗೆ ನೀಲಿ ಚಾಕ್ ತಿಕ್ಕಿ ಕೊಡುವವನು. ಸಂಪಾಜೆಯ ಕಡೆಯಿಂದ ಈ ಕೆಲಸಕ್ಕೆಂದೇ ಇತ್ತ ಬಂದವರು. ಆರ್ಗನ್ನಿನ ಧೂಳು ಒರೆಸುತ್ತಾ ಒರೆಸುತ್ತಾ ನುಡಿಸಲು ಕಲಿತರು. ಯಾರೂ ಕಲಿಸಲಿಲ್ಲ. ಶನಿವಾರ ಸಂಜೆ ಮೆಂಬರುಗಳು ಜೋಡಿ ಜೋಡಿಯಾಗಿ ಕುಣಿಯುವಾಗ ದೊಡ್ಡಪ್ಪ ಚಪ್ಪಲಿ ಬಿಟ್ಟು, ದಪ್ಪ ಕಾಲುಚೀಲದಲ್ಲಿ ಪೆಡಲ್ ತುಳಿಯುತ್ತಾ ನುಡಿಸುತ್ತಿದ್ದರು. ಆರ್ಗನ್ನಿನ ಬಿಳಿಯ ಮನೆಗಳ ಮೇಲೆಲ್ಲ ಅವರ ಬೆರಳಿನ ನೀಲಿ ಚಾಕ್ ಪುಡಿ. ಸೋಮವಾರ ಅವರೇ ಒರೆಸುತ್ತಿದ್ದರು.

ಆರ್ಗನ್ ಶುರು ಮಾಡುವುದಕ್ಕೆ ಎರಡು ಸ್ವಿಚ್ಚು. ಮೊದಲನೆಯದನ್ನು ಒತ್ತಿ ಹಿಡಿದು ಎಂಟು ಎಣಿಸಬೇಕು, ಚಕ್ರಗಳು ವೇಗ ಹಿಡಿಯಬೇಕು. ಆಮೇಲೆ ಅದನ್ನು ಬಿಡದೆ ಎರಡನೆಯದನ್ನು ಹಾಕಿ ಮತ್ತೆ ನಾಲ್ಕು ಎಣಿಸಬೇಕು. ಅವಸರ ಮಾಡಿದರೆ ಮೋಟಾರು ನಿಂತುಹೋಗುತ್ತದೆ. ನಾನು ಕಾಲೇಜು ಮುಗಿಸಿ ಕೆಲಸವಿಲ್ಲದೆ ಅಲೆಯುವಾಗ ಅವರ ಹತ್ತಿರ ಕಲಿಯಲು ಹೋದೆ. ನನ್ನದು ಮೊದಲಿನಿಂದಲೂ ಅವಸರದ ಕೈ. ನಾಲ್ಕಕ್ಕೇ ಬಿಡುತ್ತಿದ್ದೆ.

“ಆನ್ ಮಾಡ್ಲಿಕ್ಕೆ ಇದೆಂತ ರೇಡಿಯೋವಾ? ಎಬ್ಬಿಸ್ಬೇಕು. ಮನುಷ್ಯರನ್ನ ಎಬ್ಬಿಸಿದ ಹಾಗೆ,” ಎನ್ನುತ್ತಿದ್ದರು ದೊಡ್ಡಪ್ಪ. ಎದ್ದ ಮೇಲೆ ಕಾಲಿನಿಂದ ಕೆಳಗಿನ ಒಂದು ಪೆಡಲನ್ನು ಒಮ್ಮೆ ಒತ್ತಿ, ‘ಧುಂ’ ಎಂದರೆ ತಲೆಯಾಡಿಸಿ, ಆಮೇಲೆ ಶುರು ಮಾಡುತ್ತಿದ್ದರು.

ವರ್ಷಕ್ಕೊಮ್ಮೆ ಅದಕ್ಕೆ ಎಣ್ಣೆ ಹಾಕಬೇಕು. ಹಿಂದಿನ ಹಲಗೆ ಬಿಚ್ಚಿದರೆ ಒಳಗೆ ಸಣ್ಣ ಬಟ್ಟಲು, ಬಟ್ಟಲಿನಿಂದ ಹತ್ತಿಯ ದಾರಗಳು ಒಂದೊಂದು ಚಕ್ರದ ಕಡೆಗೆ ಹೋಗುತ್ತವೆ. ದಾರ ಎಣ್ಣೆ ಕುಡಿದು ಚಕ್ರಕ್ಕೆ ಕುಡಿಸುತ್ತದೆ. ಆ ಎಣ್ಣೆ ಪೇಟೆಯಲ್ಲಿ ಸಿಗುವುದಿಲ್ಲ. ಮ್ಯಾನೇಜರನ ಕಾಲದ ಡಬ್ಬಿಯಿಂದ ಬಗ್ಗಿಸಿಟ್ಟುಕೊಂಡ ಒಂದು ಕಂದು ಸೀಸೆ ದೊಡ್ಡಪ್ಪನ ಹತ್ತಿರ ಇತ್ತು. ಸುಗ್ಗಿ ಮುಗಿದು ಕಾಫಿ ಹೂ ಬಿಡುವ ಹೊತ್ತಿಗೆ ಅದನ್ನು ಜೇಬಿನಲ್ಲಿಟ್ಟುಕೊಂಡು ಕ್ಲಬ್ಬಿಗೆ ಹೋಗುತ್ತಿದ್ದರು. ಒಮ್ಮೆ ನಾನು ಹೊಲಿಗೆ ಮಷೀನಿನ ಎಣ್ಣೆ ಸಾಲದೇ ಎಂದು ಕೇಳಿದ್ದಕ್ಕೆ, “ಹಾಕಿದ್ರೆ ನಿನ್ನ ಕೈ ಮುರೀತೇನೆ,” ಎಂದರು. ಅವರು ಬೈದದ್ದು ಅದೊಂದೇ ಸಲ. ನಿವೃತ್ತಿಯಾದ ಮೇಲೂ ವರ್ಷಕ್ಕೊಂದು ದಿನ ಬಸ್ಸು ಹತ್ತಿ ಎಣ್ಣೆ ಹಾಕಿ ಬರುತ್ತಿದ್ದರು.

ಒಂದು ವರ್ಷ ಅವರಿಗೆ ಲಕ್ವ ಹೊಡೆಯಿತು. ಎಡಗಡೆ ಪೂರ್ತಿ ಬಿದ್ದುಹೋಯಿತು.

ಅದೇ ವರ್ಷ ಕ್ಲಬ್ಬಿನ ಹೊಸ ಸೆಕ್ರೆಟರಿ ನನ್ನನ್ನು ಕರೆಸಿದರು. ಬಾರ್ ದೊಡ್ಡದು ಮಾಡುವವರಿದ್ದರು, ಆರ್ಗನ್ ಅಡ್ಡ ಬರುತ್ತಿತ್ತು. “ನೀವು ಮ್ಯೂಸಿಕ್ಕಿನವರು, ನೀವೇ ಹೇಳಿ, ಇದು ಇಟ್ಟುಕೊಳ್ಳುವಂಥದ್ದಾ?” ಎಂದು ಕೇಳುವುದಕ್ಕೆ. ಕೇಳುವುದಕ್ಕೆ ಮೊದಲು ನನ್ನನ್ನು ಹೊರಗಿನ ಬೆಂಚಿನ ಮೇಲೆ ಒಂದೂವರೆ ಗಂಟೆ ಕೂರಿಸಿದ್ದರು. ನನಗೆ ಮೂಗಿನ ತುದಿಯಲ್ಲೇ ಸಿಟ್ಟು. ಮಾರ್ಕರನ ಮನೆಯವ ಎಂದೇ ಕೂರಿಸಿದ್ದಾರೆ ಎಂದು ಒಳಗೊಳಗೇ ಕುದಿಯುತ್ತಿದ್ದೆ. ಒಳಗೆ ಹೋದವನು ಲ್ಯಾಪ್‌ಟಾಪಿನ ಚೀಲವನ್ನು ತಟ್ಟಿ ಹೇಳಿದೆ: “ಇದರದ್ದೆಲ್ಲಾ ಇದರೊಳಗೆ ಉಂಟು ಸಾರ್. ಇನ್ನೂ ಚೆನ್ನಾಗಿ ಉಂಟು. ಅದನ್ನು ಕೊಟ್ಟುಬಿಡಿ.”

ಕೊಟ್ಟುಬಿಟ್ಟರು. ಮುಂದಿನ ವಾರ ಆ ದಾರಿಯಲ್ಲಿ ಹೋಗುವಾಗ ಗುಜರಿಯವರ ಪಿಕಪ್ ನಿಂತಿತ್ತು. ಆರ್ಗನ್ ನಾಲ್ಕು ಜನಕ್ಕೆ ಎತ್ತಲಾಗದಷ್ಟು ಭಾರ. ಹಾಗಾಗಿ ಅಂಗಳದಲ್ಲೇ ಗರಗಸ ಹಾಕಿದ್ದರು. ಚಕ್ರಗಳ ದಂಡವನ್ನು ಎಳೆದು ಹಾಕಿದ್ದರು, ಹತ್ತಿಯ ದಾರಗಳು ಇನ್ನೂ ಅಂಟಿಕೊಂಡಿದ್ದವು. ನಾನು ಬೈಕು ನಿಲ್ಲಿಸಲಿಲ್ಲ. ನಿಲ್ಲಿಸಬೇಕಿತ್ತು.

ದೊಡ್ಡಪ್ಪ ಮನೆಯಲ್ಲಿ ಕಿಟಕಿಯ ಪಕ್ಕದ ಮಂಚದ ಮೇಲೆ ಮಲಗಿರುತ್ತಿದ್ದರು. ಎದುರಿಗೆ ಗಾಜಿನ ಬಾಗಿಲಿನ ಬೀರು. ಅದರಲ್ಲಿ ಕ್ಲಬ್ಬಿನವರು ನಿವೃತ್ತಿಗೆ ಕೊಟ್ಟ ಗಡಿಯಾರ, ಚಾಕಿನ ಡಬ್ಬಿ, ಸಾಲಾಗಿ ಸೀಸೆಗಳು. ಮಾತು ತೊದಲುತ್ತಿತ್ತು. ನಾನು ನೋಡಲು ಹೋದ ಮೊದಲ ದಿನವೇ ಕೇಳಿದರು.

“ಎಣ್ಣೆ ಹಾಕಿದ್ಯಾ?”

ಅವರ ಬದಲಿಗೆ ಈ ವರ್ಷ ನಾನು ಹೋಗಿ ಹಾಕಿದೆನೇ ಎಂದು. ಕಾಯಿಲೆಯ ಮನುಷ್ಯ, ಈಗ ಹೇಳುವುದು ಬೇಡ ಎಂದುಕೊಂಡೆ. “ಹಾಕಿದ್ದೇನೆ ದೊಡ್ಡಪ್ಪ,” ಎಂದೆ. ಅವರು ನನ್ನನ್ನೇ ಸ್ವಲ್ಪ ಹೊತ್ತು ನೋಡಿ ಕಣ್ಣು ಮುಚ್ಚಿಕೊಂಡರು.

ಮುಂದಿನ ವಾರವೂ ಕೇಳಿದರು. ಅದರ ಮುಂದಿನ ವಾರವೂ. ಲಕ್ವದಿಂದ ಮರೆವು ಬಂದಿದೆ, ಕೇಳಿದ್ದನ್ನೇ ಕೇಳುತ್ತಾರೆ ಎಂದು ಮನೆಯಲ್ಲಿ ಎಲ್ಲರೂ ಹೇಳಿದರು. ಮೂರು ವರ್ಷ ಹೋದಾಗಲೆಲ್ಲ ಅದೇ ಪ್ರಶ್ನೆ, ನನ್ನದು ಅದೇ ಉತ್ತರ. ಕೊನೆಕೊನೆಗೆ ಅವರು ಬಾಯಿ ತೆರೆಯುವ ಮೊದಲೇ “ಹಾಕಿದ್ದೇನೆ, ಹಾಕಿದ್ದೇನೆ,” ಎನ್ನುತ್ತಾ ಒಳಗೆ ಹೋಗುತ್ತಿದ್ದೆ. ಸುಳ್ಳು ಹೇಳಿ ಹೇಳಿ ನಾಲಿಗೆ ಪಳಗಿತ್ತು. ಕಳೆದ ವರ್ಷ ಅವರು ತೀರಿಕೊಂಡರು.

ನಮ್ಮಲ್ಲಿ ತೀರಿಕೊಂಡವರಿಗೆ ಬಡಿಸುವ ಪದ್ಧತಿ ಉಂಟು. ಸತ್ತವರಿಗೆ ಏನೇನು ಇಷ್ಟವಾಗಿತ್ತೋ ಅದನ್ನೆಲ್ಲ ಬಾಳೆ ಎಲೆಗೆ ಹಾಕಿ, ಕುಡಿಯುವವರಾಗಿದ್ದರೆ ಗ್ಲಾಸು ತುಂಬಿಸಿ, ‘ನಮ್ಮ ಕೈಲಿ ಕೂಡಿದ್ದನ್ನು ಮಾಡಿದ್ದೇವೆ, ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ’ ಎಂದು ಹೇಳಿ ಬಾಗಿಲು ಹಾಕಿಕೊಂಡು ಹೊರಗೆ ಬರುವುದು. ಅವರು ಬಂದು ಉಣ್ಣುವಷ್ಟು ಹೊತ್ತು ಯಾರೂ ಒಳಗೆ ಹೋಗಬಾರದು, ಇಣುಕಬಾರದು, ಮಾತು ಜೋರಾಗಬಾರದು. ದೊಡ್ಡಪ್ಪನಿಗೆ ಮಕ್ಕಳಿಲ್ಲ. ತಮ್ಮನ ಮಗನಾದ ನಾನೇ ಬಡಿಸಬೇಕು.

ವರ್ಷದ ದಿನ ಹತ್ತಿರ ಬಂದಾಗ ದೊಡ್ಡಮ್ಮ ನನ್ನ ಸ್ಟುಡಿಯೋಗೆ ಬಂದರು. ಎಲೆಗೆ ಏನು ಹಾಕುವುದು ಎನ್ನುವ ಮಾತು ಮುಗಿಸಿ, ಹೊರಡುವಾಗ ಹೇಳಿದರು: “ಊಟಕ್ಕಿಂತ ಅವರಿಗೆ ಆ ಆರ್ಗನ್ನೇ ಹೆಚ್ಚು. ನೀನೊಂದು ಸಲ ಕ್ಲಬ್ಬಿಗೆ ಹೋಗಿ ನುಡಿಸಿ, ಕಂಪ್ಯೂಟರಿಗೆ ತುಂಬಿಸಿಕೊಂಡು ಬಾ. ಬಡಿಸುವಾಗ ಒಳಗೆ ಇಡುವ.”

ಆಗಲೇ ಹೇಳಿಬಿಡಬಹುದಿತ್ತು. ಸಾಯುವ ಮನುಷ್ಯನಿಗೆ ಹೇಳಲಿಲ್ಲ ಸರಿ, ಬದುಕಿರುವ ಈ ಹೆಂಗಸಿಗೆ ಹೇಳಲು ಏನು ಅಡ್ಡಿ? ನನ್ನ ಬಾಯಿಯಿಂದ ಬಂದದ್ದು “ಆಯ್ತು ದೊಡ್ಡಮ್ಮ” ಎಂಬುದು. ಲ್ಯಾಪ್‌ಟಾಪಿನಲ್ಲಿ ಎಲ್ಲ ಉಂಟಲ್ಲ ಎಂದುಕೊಂಡೆ.

ಎರಡು ದಿನದಲ್ಲಿ ದೊಡ್ಡಪ್ಪನ ಶನಿವಾರದ ಕೊನೆಯ ಕುಣಿತದ ರಾಗ, ಆ ವಾಲ್ಟ್ಜ್, ನುಡಿಸಿ ತೆಗೆದುಕೊಂಡು ಹೋದೆ. ದೊಡ್ಡಮ್ಮನ ಕಿವಿಗೆ ನನ್ನ ದೊಡ್ಡ ಹೆಡ್‌ಫೋನ್ ಹಾಕಿದೆ. ಅವರು ಅಡಿಗೆಮನೆಯ ಮಣೆಯ ಮೇಲೆ ಕೂತು ಕೇಳಿದರು. ಮುಗಿಯುವ ಮೊದಲೇ ತೆಗೆದು ಕೈಗೆ ಕೊಟ್ಟರು.

“ಇದಲ್ಲ ಮಗ.”

“ಅದೇ ರಾಗ ಅಲ್ವಾ?”

“ರಾಗ ಅದೇ. ಆದ್ರೆ ಇದು ಅಲ್ಲ.”

ಸರಿ, ತೀರಾ ಹೊಸತಾಗಿ ಕೇಳುತ್ತಿದೆ ಎಂದುಕೊಂಡು ವಯಸ್ಸಿನ ಗುಂಡಿ ತಿರುಗಿಸಿದೆ. ಕ್ಲಬ್ಬಿನ ಆರ್ಗನ್ನಿಗೆ ಅದರದ್ದೇ ರೋಗಗಳಿದ್ದವು. ನಡುವಿನ ಒಂದು ಮನೆ ಒತ್ತಿದರೆ ಸ್ವಲ್ಪ ತಡವಾಗಿ ಎದ್ದು ಬರುತ್ತಿತ್ತು. ಮೇಲಿನ ಒಂದು ಸ್ವರಕ್ಕೆ ಯಾವಾಗಲೂ ನೆಗಡಿ. ತೊಂಬತ್ತೊಂದು ಚಕ್ರಗಳನ್ನು ಒಂದೊಂದಾಗಿ ತೆರೆದು, ನೆನಪಿನಿಂದ ಒಂದೊಂದು ರೋಗವನ್ನೂ ಹಾಕುತ್ತಾ ಹೋದೆ. ಮಧ್ಯಾಹ್ನಗಳೆಲ್ಲ ಅದಕ್ಕೇ ಹೋದವು. ಎರಡು ಮದುವೆಯ ವಿಡಿಯೋದವರು ಫೋನು ಮಾಡಿ ಮಾಡಿ ಸುಸ್ತಾದರು.

ಆಗ ಒಂದು ವಿಚಿತ್ರ ಶುರುವಾಯಿತು. ಹೇಗೆ ಹೇಳುವುದೋ ತಿಳಿಯದು. ಸುಳ್ಳು ನಿಜಕ್ಕೆ ಹತ್ತಿರವಾದಂತೆ ನನಗೆ ಆ ಕೋಣೆಯಲ್ಲಿ ಕೂರಲು ಆಗುತ್ತಿರಲಿಲ್ಲ. ಸೋರುವ ಗುಂಡಿಯನ್ನು ಸರಿಯಾದ ಜಾಗಕ್ಕೆ ತಂದ ದಿನ, ಕೈ ಎತ್ತಿ ಮಡಿಲಲ್ಲಿಟ್ಟುಕೊಂಡಿದ್ದೆ. ಒಂದು ಮನೆಯನ್ನೂ ಒತ್ತಿರಲಿಲ್ಲ. ಸ್ಪೀಕರಿನಿಂದ ಸಣ್ಣಗೆ ‘ಮ್‌ಮ್’ ಎಂದು ಬರುತ್ತಿತ್ತು. ಎಬ್ಬಿಸಿದ ಆರ್ಗನ್ ನುಡಿಸುವವನಿಗಾಗಿ ಕಾಯುವಾಗ ಹೊರಡಿಸುವ ಸದ್ದು ಅದು. ನನ್ನ ಹಿಂದೆ ಯಾರೋ ಕಾಲುಚೀಲದಲ್ಲಿ ನಡೆದು ಬಂದು ನಿಂತ ಹಾಗಾಯಿತು. ಹಗಲು ಮೂರು ಗಂಟೆ, ಹೊರಗೆ ಬಿಸಿಲು, ಪಕ್ಕದ ತೋಟದಲ್ಲಿ ನೆರಳಿನ ಮರಗಳ ಕೊಂಬೆ ಸವರುವ ಮರಗಸಿಯವರ ಕತ್ತಿಯ ಸದ್ದು. ಆದರೂ ತಿರುಗಿ ನೋಡಲು ಧೈರ್ಯ ಬರಲಿಲ್ಲ. “ಹಾಕಿದ್ದೇನೆ,” ಎಂದೆ, ಯಾರೂ ಕೇಳದೆಯೇ. ನನ್ನ ಧ್ವನಿ ಕೇಳಿ ನನಗೇ ಹೆದರಿಕೆಯಾಗಿ ಲ್ಯಾಪ್‌ಟಾಪ್ ಮುಚ್ಚಿ ಹೊರಗೆ ಬಂದು ಕೂತೆ.

ಆಮೇಲೆ ಮೇಜಿನ ಮೇಲೆ ಬೆರಳು ಇಟ್ಟಾಗಲೆಲ್ಲ ನೀಲಿ ಚಾಕ್ ಪುಡಿ ಅಂಟಿದೆಯೇ ಎಂದು ನೋಡಿಕೊಳ್ಳುವ ಅಭ್ಯಾಸವಾಯಿತು. ಅಂಟಿರಲಿಲ್ಲ. ಅಂಟಿದ್ದರೆ ಎಷ್ಟೋ ಸಮಾಧಾನ ಆಗುತ್ತಿತ್ತೇನೋ.

ಎರಡನೆಯ ಸಲ ದೊಡ್ಡಮ್ಮನನ್ನು ಸ್ಟುಡಿಯೋಗೇ ಕರೆದು ತಂದು, ದೊಡ್ಡ ಸ್ಪೀಕರುಗಳ ಎದುರಿಗೆ ಕೂರಿಸಿ ಕೇಳಿಸಿದೆ. ಕಣ್ಣು ಮುಚ್ಚಿದರೆ ಕ್ಲಬ್ಬಿನ ಹಾಲ್‌ನಲ್ಲೇ ಕೂತ ಹಾಗೆ. ನನ್ನ ಕಣ್ಣಲ್ಲಿ ನೀರು ಬಂದಿತ್ತು. ದೊಡ್ಡಮ್ಮ ಕೈ ಕಟ್ಟಿ ಕೂತಿದ್ದರು.

“ಚೆಂದ ಉಂಟು. ಆದ್ರೆ ಅವರು ಇಷ್ಟು ಹತ್ತಿರ ಬಂದು ನುಡಿಸಿದ್ದು ಇಲ್ಲ.”

ನನಗೆ ಪಿತ್ತ ನೆತ್ತಿಗೇರಿತು. ಒಂದು ತಿಂಗಳ ಕೆಲಸ. “ನಿಮಗೆ ಹೇಗೆ ಗೊತ್ತು? ನೀವು ಕ್ಲಬ್ಬಿನ ಹಾಲ್‌ನೊಳಗೆ ಒಂದು ದಿನ ಕಾಲಿಟ್ಟದ್ದುಂಟಾ?” ಎಂದೆ.

ಹಾಗೆ ಕೇಳಬಾರದಿತ್ತು. ಕ್ಲಬ್ಬಿನಲ್ಲಿ ಕೆಲಸದವರ ಹೆಂಡಂದಿರಿಗೆ ಹಾಲ್‌ಗೆ ಪ್ರವೇಶ ಇಲ್ಲ. ಮೂವತ್ತು ವರ್ಷಕ್ಕಿಂತ ಹೆಚ್ಚು ದೊಡ್ಡಮ್ಮ ಇದ್ದದ್ದು ಕ್ಲಬ್ಬಿನ ಹಿಂದಿನ ಕ್ವಾರ್ಟರ್ಸಿನಲ್ಲಿ, ಒಂದು ಬೇಲಿ ಮತ್ತು ಒಂದು ಕಲ್ಲಿನ ಗೋಡೆ ದಾಟಿ. ಅವರು ನಾನು ಕುಡಿದ ಕಾಫಿಯ ಲೋಟವನ್ನು ತೊಳೆದಿಟ್ಟು, ಚಪ್ಪಲಿ ಹಾಕಿಕೊಂಡು ನಡೆದು ಹೋದರು. ನಾಚಿಕೆಯಾಯಿತು. ಆದರೂ ಹಿಂದೆ ಓಡಿ ಹೋಗಿ ಕರೆಯಲಿಲ್ಲ. ನನ್ನ ಸಿಟ್ಟು ಹಾಗೆ, ಹೋದ ಮೇಲೂ ಹೊಸಿಲಲ್ಲಿ ಕೂತಿರುತ್ತದೆ.

ಬಡಿಸುವ ದಿನ ಬಂತು. ಸಂಜೆ ದೀಪ ಹಚ್ಚುವ ಹೊತ್ತು. ದೊಡ್ಡಪ್ಪನ ಕೋಣೆಯಲ್ಲೇ, ಮಂಚ ತೆಗೆದ ಜಾಗದಲ್ಲಿ ಎಲೆ ಹಾಕಿದೆವು. ಕೋಳಿ ಸಾರು, ಕಡುಬು, ಉಪ್ಪಿನಲ್ಲಿಟ್ಟ ಎಳೆ ಬಿದಿರಿನ ಕಣಿಲೆಯ ಪಲ್ಯ, ಒಂದು ಗ್ಲಾಸು ಬ್ರಾಂದಿ, ಬೀಡಿಯ ಕಟ್ಟು. ಮೂಲೆಯಲ್ಲಿ ನನ್ನ ಲ್ಯಾಪ್‌ಟಾಪು, ಒಂದು ಸ್ಪೀಕರು. ಇದಲ್ಲ ಎಂದರೂ ಅದನ್ನು ಇಡುವುದು ಬೇಡ ಎಂದು ದೊಡ್ಡಮ್ಮ ಹೇಳಿರಲಿಲ್ಲ. ಇದ್ದದ್ದು ನನ್ನ ಅಪ್ಪ, ಅಮ್ಮ, ದೊಡ್ಡಮ್ಮ ಮತ್ತು ನಾನು. ಕೈ ಮುಗಿದು, “ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ,” ಎಂದು ಒಂದೇ ಉಸಿರಿಗೆ ಹೇಳಿ, ರಾಗ ಶುರುವಾಗುವಂತೆ ಒತ್ತಿ, ಹೊರಗೆ ಬಂದು ಬಾಗಿಲು ಎಳೆದುಕೊಂಡೆ. ಹಳೆಯ ಹಲಸಿನ ಮರದ ಬಾಗಿಲು ಅದು, ಅಂಗೈಯಷ್ಟು ದಪ್ಪ.

ಮೊದಲು ಏನೂ ಇಲ್ಲ. ಆಮೇಲೆ ಒಳಗಿನಿಂದ ಒಮ್ಮೆ ‘ಧುಂ’ ಎಂದಿತು. ಕೆಳಗಿನ ಪೆಡಲು. ಅದನ್ನು ನಾನು ಹಾಕಿದ್ದೆನೇ? ಮರುದಿನ ಫೈಲು ತೆರೆದು ನೋಡಿದೆ, ಇತ್ತು. ನಾನೇ ಹಾಕಿರಬೇಕು. ಹಾಕಿದ ನೆನಪು ಇವತ್ತಿಗೂ ಇಲ್ಲ.

ವಾಲ್ಟ್ಜ್ ಶುರುವಾಯಿತು. ಬಾಗಿಲು ಅದರ ಹರಿತವನ್ನೆಲ್ಲ ತಿಂದುಹಾಕಿತ್ತು. ಟಿಕ್ ಇಲ್ಲ, ನೆಗಡಿ ಇಲ್ಲ, ನಾನು ಒಂದು ತಿಂಗಳು ಕೂತು ಹಾಕಿದ ಒಂದು ರೋಗವೂ ಕೇಳುತ್ತಿರಲಿಲ್ಲ. ದೂರದಿಂದ ಯಾರೋ ಬಾಯಿ ಮುಚ್ಚಿ ಹಾಡುವಂಥ ಸದ್ದು ಮಾತ್ರ. ದೊಡ್ಡಮ್ಮ ಜಗಲಿಯ ಕಂಬಕ್ಕೆ ಒರಗಿ ನಿಂತಿದ್ದವರು ಮೆಲ್ಲಗೆ ಕೂತರು. ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡರು.

“ಹಾಂ,” ಎಂದರು. “ಇದು. ಇವರೇ.”

ಅವರು ಜೀವಮಾನದಲ್ಲಿ ಆ ಆರ್ಗನ್ನನ್ನು ಗೋಡೆಯ ಈಚೆಯಿಂದ ಮಾತ್ರ ಕೇಳಿದವರು. ಶನಿವಾರ ಸಂಜೆ ಪಾತ್ರೆ ತೊಳೆಯುತ್ತಾ, ಗಂಡ ಬರಲು ಇನ್ನೆಷ್ಟು ರಾಗ ಬಾಕಿ ಎಂದು ಎಣಿಸುತ್ತಾ. ಕೊನೆಯ ವಾಲ್ಟ್ಜ್ ಬಂತೆಂದರೆ ಅನ್ನ ಬಿಸಿ ಮಾಡಲು ಇಡುವುದು. ಅದನ್ನು ಅವರೇ ಆಗ ಮೆಲ್ಲಗೆ ಹೇಳಿದರು. ನಾನು ಅತ್ತುಬಿಟ್ಟೆ. ಗೆದ್ದೆ ಎಂದೂ ಅನಿಸಿತು, ಸುಳ್ಳು ಹೇಳುವುದಿಲ್ಲ. ಇನ್ನು ಯಾರೂ ಏನೂ ಕೇಳುವುದಿಲ್ಲ, ಆರ್ಗನ್ ಎಲ್ಲಿ ಎಂಬ ಮಾತು ಇಲ್ಲಿಗೆ ಮುಗಿಯಿತು.

ರಾಗ ಮುಗಿದು, ‘ಮ್‌ಮ್’ ಎಂಬ ಸದ್ದು ಸ್ವಲ್ಪ ಹೊತ್ತು ನಿಂತು, ಅದೂ ಹೋಯಿತು. ಒಂದು ಸಲ ಕೆಮ್ಮಿ ಬಾಗಿಲು ತೆರೆದೆ. ಒಳಗೆ ಎಲೆ ಹಾಗೆಯೇ ಇತ್ತು, ಗ್ಲಾಸು ಹಾಗೆಯೇ ಇತ್ತು. ದೊಡ್ಡಮ್ಮ ನನ್ನ ಹಿಂದೆಯೇ ಬಂದು, ಎಲೆಯನ್ನು ದಾಟಿ ಬೀರುವಿನ ಹತ್ತಿರ ಹೋಗಿ ಗಾಜಿನ ಬಾಗಿಲು ತೆಗೆದರು. ಔಷಧಿಯ ಸೀಸೆಗಳ ಪಕ್ಕದಿಂದ ಒಂದು ಕಂದು ಸೀಸೆ ತೆಗೆದು ನನ್ನ ಕೈಗೆ ಕೊಟ್ಟರು.

“ಇದನ್ನೂ ಎಲೆಯ ಹತ್ತಿರ ಇಡು. ಅವರದ್ದೇ.”

ಆರ್ಗನ್ನಿನ ಎಣ್ಣೆ. ಮುಚ್ಚಳದ ಸುತ್ತ ಧೂಳು ಗಟ್ಟಿಯಾಗಿ ಕೂತಿತ್ತು. ಲಕ್ವ ಹೊಡೆಯುವ ಮೊದಲಿನ ವರ್ಷ ದೊಡ್ಡಪ್ಪ ಪೆನ್ಸಿಲಿನಿಂದ ಲೇಬಲ್ಲಿನ ಮೇಲೆ ಎಳೆದ ಗೆರೆ ಇನ್ನೂ ಇತ್ತು, ಎಣ್ಣೆ ಆ ಗೆರೆಯಲ್ಲೇ ನಿಂತಿತ್ತು.

“ಮೂರು ವರ್ಷ ನೀನು ಯಾವ ಎಣ್ಣೆ ಹಾಕ್ತಿದ್ದದ್ದು ಮಗ?” ಎಂದು ದೊಡ್ಡಮ್ಮ ಕೇಳಿದರು. ಸಿಟ್ಟಿರಲಿಲ್ಲ, ಬರೀ ಕೇಳಿದರು.

ಎಲೆಯ ಎದುರಿಗೆ ಕೂತುಬಿಟ್ಟೆ. ಆರ್ಗನ್ ಇಲ್ಲ ದೊಡ್ಡಮ್ಮ, ನಾನೇ ಕೊಟ್ಟುಬಿಡಿ ಎಂದೆ, ಗರಗಸ ಹಾಕುವುದನ್ನು ನೋಡಿಯೂ ನಿಲ್ಲಿಸದೆ ಹೋದೆ ಎಂದು ಎಲ್ಲವನ್ನೂ ಹೇಳಿದೆ. ಬಾಗಿಲಲ್ಲಿ ಅಪ್ಪ ಅಮ್ಮ ನಿಂತಿದ್ದರು.

“ನೀನು ಮೊದಲ ಸಲ ಹಾಕಿದ್ದೇನೆ ಅಂದ ದಿನವೇ ನನಗೆ ಗೊತ್ತಾಯ್ತು. ಸೀಸೆ ಮನೆ ಬಿಟ್ಟು ಹೋಗದೆ ಎಣ್ಣೆ ಹೇಗೆ ಹೋಗ್ತದೆ?” ಎಂದರು ದೊಡ್ಡಮ್ಮ.

“ದೊಡ್ಡಪ್ಪನಿಗೆ ಹೇಳಿದ್ರಾ?”

“ನಾನೆಂತ ಹೇಳೋದು. ಮಲಗಿದಲ್ಲಿಂದ ಅವರಿಗೆ ಬೇರೆ ಎಂತ ಕಾಣ್ತಿತ್ತು?”

ಮಂಚ ಇದ್ದ ಜಾಗದಲ್ಲೇ ನಾನು ಕೂತಿದ್ದೆ. ತಲೆ ಎತ್ತಿದರೆ ನೇರ ಎದುರಿಗೆ ಬೀರು, ಗಾಜು, ಸೀಸೆ ತೆಗೆದ ಜಾಗದಲ್ಲಿ ಧೂಳಿಲ್ಲದ ಒಂದು ದುಂಡು ಗುರುತು. ಮೂರು ವರ್ಷ ಅವರು ಅದನ್ನು ನೋಡುತ್ತಲೇ ನನ್ನನ್ನು ಕೇಳಿದ್ದರು.

“ಗೊತ್ತಿದ್ದೂ ಯಾಕೆ ಕೇಳ್ತಿದ್ರು ಹಾಗಾದ್ರೆ, ಪ್ರತಿ ಸಲ?”

“ಇವತ್ತಾದ್ರೂ ಹೇಳ್ತೀಯಾ ಅಂತ,” ಎಂದರು ದೊಡ್ಡಮ್ಮ. ಹೇಳಿ, ಬಗ್ಗಿ ಎಲೆ ಮಡಚಿದರು.

ಅವರಿಗೆ ಮರೆವು ಇರಲಿಲ್ಲ. ಎಂಟು ಎಣಿಸುವವರೆಗೆ ಸ್ವಿಚ್ಚು ಹಿಡಿಯುವ ಮನುಷ್ಯ, ನನ್ನನ್ನೂ ಹಾಗೆಯೇ ಹಿಡಿದು ಕಾದಿದ್ದರು. ನಾನು ಪ್ರತಿ ಸಲವೂ ನಾಲ್ಕಕ್ಕೇ ಕೈ ಬಿಟ್ಟೆ.

ಸೀಸೆ ಈಗ ನನ್ನ ಸ್ಟುಡಿಯೋದಲ್ಲಿದೆ, ಲ್ಯಾಪ್‌ಟಾಪಿನ ಪಕ್ಕ. ಕೆಲಸ ನಿಲ್ಲಿಸಿಲ್ಲ, ಆರ್ಗನ್ ಬೇಕು ಎನ್ನುವವರಿಗೆ ಅದೇ ಸಾಫ್ಟ್‌ವೇರಿನಿಂದ ನುಡಿಸಿ ಕೊಡುತ್ತೇನೆ. ಅದನ್ನು ತೆರೆದಾಗ ಮೊದಲು ಆ ‘ಮ್‌ಮ್’ ಬರುತ್ತದೆ, ಅದರ ಹಿಂದೆಯೇ ಪ್ರಶ್ನೆಯೂ ಬರುತ್ತದೆ. ಹೆದರಿಕೆ ಪೂರ್ತಿ ಹೋಗಿಲ್ಲ. ಕೈ ಮಡಿಲಲ್ಲಿಟ್ಟುಕೊಂಡು ಎಂಟು ಎಣಿಸುತ್ತೇನೆ. “ಇಲ್ಲ ದೊಡ್ಡಪ್ಪ, ಹಾಕಿಲ್ಲ,” ಎನ್ನುತ್ತೇನೆ, ಹೊರಗಿನವರಿಗೆ ಕೇಳಿದರೂ ಚಿಂತೆಯಿಲ್ಲದ ಹಾಗೆ. ಆಮೇಲೆ ಮನೆ ಒತ್ತುತ್ತೇನೆ.